ಮದುಮಕ್ಕಳ ಮಗ್ಗ

ಕಾಶಿತಾತೆ ಹಳ್ಳಿ, ಹಚಿಜೊ ದ್ವೀಪ
೧೨ ಮಾರ್ಚ್ ೧೯೬೭

ಚಿಗುಸ,

ಹೇಗಿದ್ದೀಯಮ್ಮ? ನನ್ನ ಅಕ್ಷರ ನೋಡಿ ಹೆದರಬೇಡ. ಮೇಜಿನ ಕಾಲು ಸಡಿಲವಾಗಿದೆ, ಬರೆಯುವಾಗ ಅಲ್ಲಾಡುತ್ತದೆ. ಸರಿಮಾಡಿಸಬೇಕು ಎಂದುಕೊಳ್ಳುತ್ತಲೇ ಇದ್ದೇನೆ.

ಇಲ್ಲಿ ಪಶ್ಚಿಮದ ಗಾಳಿ ಇನ್ನೂ ನಿಂತಿಲ್ಲ. ಹೋದ ವಾರ ಹಡಗು ದಡಕ್ಕೆ ಬರಲಾರದೆ ಹಾಗೇ ತಿರುಗಿ ಹೋಯಿತು. ಆದರೂ ಮದುಮಕ್ಕಳ ಕಾಟ ತಪ್ಪಿಲ್ಲ. ನೀನು ಇಲ್ಲಿದ್ದಾಗ ಅಲ್ಲೊಂದು ಇಲ್ಲೊಂದು ಜೋಡಿ ಕಾಣುತ್ತಿತ್ತು. ಈಗ ಟೋಕಿಯೊದಲ್ಲಿ ಮದುವೆಯಾದವರೆಲ್ಲ ನಮ್ಮ ದ್ವೀಪಕ್ಕೇ ಬರಬೇಕೆಂದು ಕಾನೂನು ಮಾಡಿದ್ದಾರೋ ಏನೋ. ಬಂದವರೆಲ್ಲ ತಾಳೆ ಮರದ ಕೆಳಗೆ ಫೋಟೊ ತೆಗೆಸಿಕೊಳ್ಳುತ್ತಾರೆ. ಗಾಳಿಗೆ ಹುಡುಗಿಯರ ಹೊಸ ಟೋಪಿ ಹಾರಿ ಯಾರದೋ ಗೆಣಸಿನ ಹೊಲಕ್ಕೆ ಬೀಳುತ್ತದೆ.

ವಸತಿಗೃಹದ ಹಮಾ ಮೊನ್ನೆ ಬಂದಿದ್ದಳು. "ಇಸೊಕ್ಕ, ಮಳೆ ಬಂದ್ರೆ ಇವ್ರನ್ನ ಎಲ್ಲಿಗೆ ಅಟ್ಟಲಿ ಹೇಳು? ರೂಮಲ್ಲಿ ಕೂತು ಮುಖ ಮುಖ ನೋಡ್ಕೋತಾರೆ. ಅರ್ಧ ಜನಕ್ಕೆ ಇನ್ನೂ ಮಾತೇ ಶುರುವಾಗಿರಲ್ಲ. ನಿನ್ನ ಮಗ್ಗದ ಮನೆಗೆ ಕಳಿಸ್ತೀನಿ, ಒಂದು ಗೇಣು ಏನಾದ್ರೂ ನೇಯಿಸು," ಅಂದಳು. ನಾನು "ನೇಯೋದು ಅಂದ್ರೆ ಮಕ್ಕಳಾಟ ಅಂದ್ಕೊಂಡ್ಯಾ?" ಎಂದು ಬೈದು ಕಳಿಸಿದೆ. ಪಕ್ಕದ ಮನೆಯ ತೊಮೆ ಅಜ್ಜಿಯಂತೂ ಕೇಳಿಸಿಕೊಂಡು ಕಿಡಿಕಿಡಿಯಾದಳು. "ಹಿಂದೆ ಈ ಹಳದಿ ಬಟ್ಟೆ ದೊರೆಗೆ ಕಪ್ಪ ಅಂತ ಹೋಗ್ತಿತ್ತು ಕಣೇ. ಈಗ ಅದನ್ನ ಆಟದ ಸಾಮಾನು ಮಾಡ್ತಾರಂತೆ!"

ಆದರೂ ಯೋಚಿಸಿ ನೋಡಿದೆ. ಒಪ್ಪಿಕೊಳ್ಳೋಣ ಅನಿಸುತ್ತಿದೆ. ಸುಮ್ಮನೆ ಕೂತು ಸಾಕಾಗಿದೆ.

ಒಂದು ಮಾತು ಕೇಳಬೇಕಿತ್ತು. ನಿನ್ನ ಮಗ್ಗದ ಮೇಲೆ ಆ ಅರ್ಧ ಬಟ್ಟೆ ಹಾಗೇ ಇದೆ. ನನ್ನ ಮಗ ತೊಕುಜಿಯ ದೋಣಿ ಮಗುಚಿದ ಸುದ್ದಿ ಬಂದಾಗ ನೀನು ಎದ್ದು ಓಡಿದೆಯಲ್ಲ, ಲಾಳಿ ಕೂಡ ಅಲ್ಲೇ ಇದೆ. ಎರಡು ವರ್ಷದಿಂದ ಧೂಳು ಕೂರದ ಹಾಗೆ ಮೇಲೊಂದು ಹಳೆಯ ಬಟ್ಟೆ ಹೊದಿಸಿದ್ದೇನೆ. ಅದನ್ನು ಇಳಿಸಲೇ? ಬರುವವರಿಗೆ ಇನ್ನೊಂದು ಮಗ್ಗ ಬೇಕಾಗಬಹುದು. ನೀನು ಬೇಡವೆಂದರೆ ಮುಟ್ಟುವುದಿಲ್ಲ.

ಇಸೊ


ಟೋಕಿಯೊ
೨ ಏಪ್ರಿಲ್ ೧೯೬೭

ಅತ್ತೆಯವರಿಗೆ ನಮಸ್ಕಾರ.

ನಿಮ್ಮ ಕಾಗದ ತಲುಪಿತು. ನಾನು ಚೆನ್ನಾಗಿದ್ದೇನೆ. ಹೊಲಿಗೆ ಕೋಣೆಯಲ್ಲಿ ಕೆಲಸ ಹೆಚ್ಚಿದೆ, ಶಾಲೆ ಕಾಲೇಜು ಶುರುವಾಗುವ ತಿಂಗಳಲ್ಲವೇ, ತಾಯಂದಿರೆಲ್ಲ ಹಳೆಯ ಕಿಮೋನೊ ತಂದು ಸರಿಮಾಡಿಕೊಡಿ ಎನ್ನುತ್ತಾರೆ. ಬೆಳಿಗ್ಗೆ ಟ್ರಾಮಿನಲ್ಲಿ ಹೋಗುತ್ತೇನೆ, ಸಂಜೆ ಟ್ರಾಮಿನಲ್ಲಿ ಬರುತ್ತೇನೆ. ಈ ಮಾರ್ಗದ ಟ್ರಾಮ್ ಚಾಲಕರು ಒಳ್ಳೆಯವರು, ಓಡಿ ಬರುವವರನ್ನು ಕಂಡರೆ ನಿಲ್ಲಿಸುತ್ತಾರೆ.

ಮಗ್ಗ ನಿಮ್ಮದು. ಬಟ್ಟೆ ಇಳಿಸಿ. ನನ್ನನ್ನು ಕೇಳಬೇಕಾಗಿರಲಿಲ್ಲ.

ಹೊಸದಾಗಿ ಮದುವೆಯಾದವರು ಆ ಕೋಣೆಯಲ್ಲಿ ಕೂತು ನಗುವುದನ್ನು ನೋಡಲು ನಿಮಗೆ ಕಷ್ಟವಾಗುವುದಿಲ್ಲವೇ ಎಂದು ಕೇಳೋಣವೆನಿಸಿತು. ನೀವು ಯೋಚಿಸಿಯೇ ಒಪ್ಪಿರುತ್ತೀರಿ.

ಮೇಜಿನ ಕಾಲು ಸರಿಮಾಡಿಸಿ. ಹಿಂದಿನ ನಿಮ್ಮ ಅಕ್ಷರ ಎಷ್ಟು ಚೆನ್ನಾಗಿತ್ತು. ಈ ಸಲದ್ದು ಅವಸರದಲ್ಲಿ ಬರೆದು ಮುಗಿಸಿದ ಹಾಗಿದೆ.

ಚಿಗುಸ


ಕಾಶಿತಾತೆ
೨೪ ಮೇ ೧೯೬೭

ಚಿಗುಸ,

ನಿನ್ನ ಅತ್ತೆ ಈಗ ಮೇಷ್ಟ್ರಾಗಿದ್ದಾಳೆ. ನಗಬೇಡ.

ಮೊದಲು ಬಂದದ್ದು ಒಸಾಕದ ಜೋಡಿ. ಹುಡುಗ ಬ್ಯಾಂಕಿನವನು, ಹುಡುಗಿಗೆ ಬಾಯಿ ಮುಚ್ಚಿ ಗೊತ್ತಿಲ್ಲ. ಮಗ್ಗದ ಮೇಲೆ ಕೂತು ಲಾಳಿ ಎಸೆದಳು ನೋಡು, ಅದು ಹಾಸಿನ ಎಳೆಗಳ ನಡುವಿನಿಂದ ಹಾರಿ ನೇರ ಗಂಡನ ಮೊಣಕಾಲಿಗೆ ಬಡಿಯಿತು. ಅವನು "ಅಯ್ಯೋ!" ಅಂದ. ಅವಳು "ಹಿಡ್ಕೋಬೇಕಲ್ವಾ? ಮರದ ಗೊಂಬೆ ಥರ ನಿಂತಿದ್ರೆ?" ಅಂದಳು. ನಾನು ಇಬ್ಬರಿಗೂ ಬೈದೆ. "ಅದು ಚೆಂಡಲ್ಲ. ಎಸೀಬೇಡ, ಕಳಿಸು. ಆಚೆ ಕೈ ಕಾಯ್ತಾ ಇದೆ ಅಂತ ನಂಬಿ ಕಳಿಸು," ಅಂದೆ. ಅಂದ ಮೇಲೆ ನನಗೇ ಆಶ್ಚರ್ಯವಾಯಿತು. ಇಷ್ಟು ವರ್ಷ ನೇಯ್ದಿದ್ದೇನೆ, ಈ ಮಾತನ್ನು ಯಾರಿಗೂ ಹೇಳಿದವಳಲ್ಲ. ನಿನಗೂ ಹೇಳಿಕೊಟ್ಟಿರಲಿಲ್ಲ. ನಿನಗೆ ಕೈ ಹಿಡಿದು ತೋರಿಸಿದ್ದೆ, ಅಷ್ಟೆ.

ಆಮೇಲೆ ಸೆಂದಾಯ್ ಕಡೆಯ ಒಂದು ಜೋಡಿ. ದೊಡ್ಡವರು ನೋಡಿ ಮಾಡಿದ ಮದುವೆ. ಇಬ್ಬರೂ ನೆಲ ನೋಡುತ್ತ ಬಂದು ನೆಲ ನೋಡುತ್ತ ಕೂತರು. ಹುಡುಗ ಕೆಂಪು ನೂಲನ್ನು ತೋರಿಸಿ ಅವಳನ್ನು ಕೇಳಿದ, "ನಿಮಗೆ... ಈ ಬಣ್ಣ ಇಷ್ಟಾನಾ?" ಅವಳು "ನಂಗೆ ಹಳದಿ," ಅಂದಳು. "ಹಾಗಾದ್ರೆ ಹಳದಿ," ಅಂದ. ಮತ್ತೆ ಸ್ವಲ್ಪ ಹೊತ್ತಾದ ಮೇಲೆ ಅವಳೇ, "ಅಂಚಿಗೆ ಬೇಕಾದ್ರೆ ಕೆಂಪು ಹಾಕೋಣ," ಅಂದಳು. ನಾನು ಒಳಗೆ ಹೋಗಿ ಚಹಾ ಕಾಯಿಸುವ ನೆಪದಲ್ಲಿ ಬೇಕೆಂದೇ ತಡಮಾಡಿದೆ. ಹೊರಗೆ ಬಂದರೆ ಇಬ್ಬರೂ ಸೇರಿ ನೂಲನ್ನು ಗಂಟುಗಂಟು ಮಾಡಿಕೊಂಡು ನಗುತ್ತಿದ್ದರು.

ತೊಮೆ ಅಜ್ಜಿ ದಿನಾ ಜಗುಲಿಗೆ ಬಂದು ಕೂರುತ್ತಾಳೆ. ಬೈಯುವುದಕ್ಕೆ ಬರುವುದಂತೆ. ಬಂದವರಿಗೆ ತಪ್ಪು ತೋರಿಸುವುದರಲ್ಲಿ ನನಗಿಂತ ಮುಂದು.

ಮಗ್ಗದ ವಿಚಾರ ನೀನು ಹೇಳಿದ ಹಾಗೆಯೇ ಆಯಿತು, ಚಿಂತೆ ಮಾಡಬೇಡ.

ಈ ಸಲ ಆಗಸ್ಟಿನ ಹಿರಿಯರ ಹಬ್ಬಕ್ಕೆ ಬರಲೇಬೇಕೆಂದು ಕಷ್ಟಪಡಬೇಡ. ಹಡಗಿನಲ್ಲಿ ಕಾಲಿಡಲು ಜಾಗವಿರುವುದಿಲ್ಲ. ತೊಕುಜಿಗೆ ದೀಪ ನಾನೇ ಹಚ್ಚುತ್ತೇನೆ. ನೀನು ಇನ್ನೂ ಚಿಕ್ಕವಳು. ಸದಾ ಈ ಕಡೆಗೇ ಮುಖಮಾಡಿಕೊಂಡು ಕೂರಬೇಡ.

ಇಸೊ


ಟೋಕಿಯೊ, ೧೫ ಜೂನ್ ೧೯೬೭
(ಅಂಚೆ ಕಾರ್ಡು)

ಅತ್ತೆಯವರಿಗೆ, ಕಾಗದ ತಲುಪಿತು. ನಿಮ್ಮ ಇಷ್ಟದಂತೆ ಹಬ್ಬಕ್ಕೆ ಬರುವುದಿಲ್ಲ. ನನ್ನ ಹೆಸರಿನಲ್ಲಿ ಒಂದು ಊದುಕಡ್ಡಿ ಹಚ್ಚಿ. ಮಗ್ಗ ಉಪಯೋಗಕ್ಕೆ ಬಂದದ್ದು ಸಂತೋಷ. ಮಳೆಗಾಲ, ಆರೋಗ್ಯ ನೋಡಿಕೊಳ್ಳಿ. ಚಿಗುಸ.


ಟೋಕಿಯೊ
೨೮ ಜುಲೈ ೧೯೬೭

ಅತ್ತೆ,

ನಿನ್ನೆ ಸಂಜೆ ನಮ್ಮ ಹೊಲಿಗೆ ಕೋಣೆಗೆ, ನಿಮ್ಮ ಹತ್ತಿರ ನೇಯ್ದು ಬಂದ ಕುಸಕಾಬೆ ಎನ್ನುವ ಹೊಸ ಗಂಡಹೆಂಡತಿ ಬಂದರು. ಅವರು ಬಾಗಿಲ ಹತ್ತಿರ ಬರುವ ಮೊದಲೇ ವಾಸನೆ ಬಂತು. ನೀವು ಕಳಿಸಿದ ಒಣಮೀನು. ಎಷ್ಟು ಕಾಗದ ಸುತ್ತಿದರೂ ಕುಸಾಯದ ನಾತ ನಿಲ್ಲುತ್ತದೆಯೇ? ಪಾಪ, ರೈಲಿನಲ್ಲಿ ಜನ ಅವರ ಪಕ್ಕದಿಂದ ಎದ್ದು ಹೋದರಂತೆ. ನಮ್ಮ ಮೇಲ್ವಿಚಾರಕಿ ಕಿಟಕಿಗಳನ್ನೆಲ್ಲ ತೆರೆಸಿದರು. ನನಗೆ ಮಾತ್ರ ಅಳು ಬಂತು. ಎರಡು ವರ್ಷದ ಮೇಲೆ ನಮ್ಮ ಅಡುಗೆಮನೆಯೇ ಎದುರಿಗೆ ಬಂದು ನಿಂತ ಹಾಗಾಯಿತು.

ಆ ಹುಡುಗಿ ನಿಮ್ಮ ಬಗ್ಗೆ ಹೇಳಿದ್ದೇ ಹೇಳಿದ್ದು. ಕೊನೆಗೆ ಕೇಳಿದಳು: "ಅಕ್ಕ, ಅವ್ರ ಕೈ ಯಾವಾಗ ಸರಿಹೋಗುತ್ತಂತೆ?"

"ಯಾವ ಕೈ?" ಅಂದೆ.

"ಬಲಗೈ. ನಿಮಗೆ ಗೊತ್ತಿಲ್ವಾ? ಜನವರೀಲಿ ಬಣ್ಣಕ್ಕೆ ಮರದ ತೊಗಟೆ ಹೊತ್ಕೊಂಡು ಬರುವಾಗ ಕಲ್ಲು ಮೆಟ್ಟಿಲ ಮೇಲೆ ಬಿದ್ರಂತಲ್ಲ. ಮಣಿಕಟ್ಟು ಸೊಟ್ಟಗೆ ಕೂಡಿಕೊಂಡಿದೆ. ಚಹಾ ಬಟ್ಟಲೂ ಎಡಗೈಲೇ ಎತ್ತೋದು. ಅದಕ್ಕೇ ಬರೀ ಬಾಯಲ್ಲಿ ಹೇಳ್ಕೊಡ್ತಾರೆ. ನಾವು ಅದೇ ಅವರ ಪದ್ಧತಿ ಅಂದ್ಕೊಂಡಿದ್ವಿ. ತೊಮೆ ಅಜ್ಜಿ ಹೇಳಿದ್ಮೇಲೆ ಗೊತ್ತಾಯ್ತು."

ಮೇಜಿನ ಕಾಲಂತೆ!

ಅತ್ತೆ, ನನಗೆ ಎಷ್ಟು ಸಿಟ್ಟು ಬಂದಿದೆಯೆಂದರೆ ಹೇಗೆ ಬರೆಯಲಿ ತಿಳಿಯುತ್ತಿಲ್ಲ. ಸುಮ್ಮನೆ ಕೂತು ಸಾಕಾಗಿದೆ ಎಂದು ಬರೆದಿರಿ. ನಾನು ಅದನ್ನು ಓದಿ, ಸೊಸೆಯ ನೆನಪು ಸಾಕಾಗಿದೆ, ಮಗ್ಗ ಖಾಲಿಮಾಡಿಸುತ್ತಿದ್ದಾರೆ ಎಂದುಕೊಂಡೆ. ಹಬ್ಬಕ್ಕೆ ಬರಬೇಡ ಎಂದಾಗ, ಇನ್ನು ನನಗೆ ಆ ಮನೆಯಲ್ಲಿ ಜಾಗವಿಲ್ಲ ಎಂದು ತಿಳಿದು ರಜೆಯ ಚೀಟಿ ಹರಿದುಹಾಕಿದೆ. ನೀವು ಕೈ ತೋರಿಸಲು ನಾಚಿ ಬೇಡವೆಂದದ್ದು. ಅಲ್ಲವೇ? ಬಿದ್ದಾಗ ನನಗೊಂದು ತಂತಿ ಕಳಿಸಲು ಯಾರೂ ಇರಲಿಲ್ಲವೇ? ಒಲೆಗೆ ಸೌದೆ ಯಾರು ಒಡೆದರು? ಕೂದಲು ಯಾರು ಕಟ್ಟಿದರು?

ಇಷ್ಟು ಬೈದ ಮೇಲೆ ನನ್ನದನ್ನೂ ಹೇಳಬೇಕು. ನಾನೂ ಮುಚ್ಚಿಟ್ಟಿದ್ದೇನೆ.

ಟ್ರಾಮ್ ಚಾಲಕರು ಒಳ್ಳೆಯವರು ಎಂದು ಬರೆದಿದ್ದೆನಲ್ಲ. ಚಾಲಕರೆಲ್ಲರ ಬಗ್ಗೆ ನನಗೆ ಗೊತ್ತಿಲ್ಲ. ಒಬ್ಬರ ಬಗ್ಗೆ ಗೊತ್ತು. ಅವರ ಹೆಸರು ಒಗಾತ ಸೈಜಿ. ನೀಗಾತ ಕಡೆಯ ರೈತರ ಮನೆಯ ಮೂರನೇ ಮಗ. ಮೂವತ್ತೆಂಟು ವಯಸ್ಸು, ಮದುವೆಯಾಗಿಲ್ಲ, ತಲೆ ಮುಂದೆ ಬೋಳಾಗುತ್ತಿದೆ. ಹೋದ ಚಳಿಗಾಲ ನಾನು ಟ್ರಾಮಿನಲ್ಲಿ ಹೊಲಿಗೆ ಪೆಟ್ಟಿಗೆ ಮರೆತು ಇಳಿದಿದ್ದೆ, ಕೆಲಸ ಮುಗಿಸಿ ಹುಡುಕಿಕೊಂಡು ತಂದುಕೊಟ್ಟರು. ಅಲ್ಲಿಂದ ಮಾತು. ಮದುವೆಯಾಗೋಣವೇ ಎಂದು ವಸಂತದಲ್ಲಿ ಕೇಳಿದರು. ನಾನಿನ್ನೂ ಉತ್ತರ ಹೇಳಿಲ್ಲ. ನಿಮಗೆ ಹೇಳದೆ ಅವರಿಗೆ ಹೇಳಲು ಬಾಯಿ ಬರಲಿಲ್ಲ. ನಿಮಗೆ ಹೇಳಲು ಕೈ ಬರಲಿಲ್ಲ.

ತೊಕುಜಿಯನ್ನು ಮರೆತಿದ್ದೇನೆ ಎಂದು ಮಾತ್ರ ತಿಳಿಯಬೇಡಿ. ಬೇರೇನು ಬೇಕಾದರೂ ತಿಳಿಯಿರಿ.

ಚಿಗುಸ


ಟೋಕಿಯೊ
೩ ಸೆಪ್ಟೆಂಬರ್ ೧೯೬೭

ಅತ್ತೆ,

ಹಿರಿಯರ ಹಬ್ಬ ಮುಗಿಯಿತು. ನಿಮ್ಮಿಂದ ಕಾಗದವಿಲ್ಲ. ಚಂಡಮಾರುತಕ್ಕೆ ಹಡಗು ನಿಂತಿದೆ ಎಂದು ಮೊದಲು ಸಮಾಧಾನಮಾಡಿಕೊಂಡೆ. ಬಂದರಿಗೆ ಹೋಗಿ ಕೇಳಿದೆ, ಹಡಗು ಹೋಗಿ ಬರುತ್ತಲೇ ಇದೆಯಂತೆ.

ಸಿಟ್ಟಿದ್ದರೆ ಬೈದು ಬರೆಯಿರಿ. ಎಡಗೈಯಲ್ಲಿ ಎರಡೇ ಸಾಲು ಸಾಕು. ಸೈಜಿಯವರಿಗೆ ನಾನಿನ್ನೂ ಏನೂ ಹೇಳಿಲ್ಲ.

ಚಿಗುಸ


ಕಾಶಿತಾತೆ
೧೭ ಸೆಪ್ಟೆಂಬರ್ ೧೯೬೭

ಚಿಗುಸ,

ಎಡಗೈಯಲ್ಲಿ ಬರೆಯುತ್ತಿದ್ದೇನೆ. ಮೇಜು ಸರಿಯಾಗಿಯೇ ಇದೆ. ಈಗ ಸತ್ಯ ಹೇಳಿಬಿಡುವುದು ಸುಲಭ.

ನಿನ್ನ ಕಾಗದ ಓದಿದ ದಿನ ನಾನು ತೊಕುಜಿಯ ಫೋಟೊವನ್ನು ಗೋಡೆಯ ಕಡೆ ತಿರುಗಿಸಿಟ್ಟೆ. ಅವನಿಗೆ ಕೇಳಿಸದಿರಲಿ ಎಂದು. ಹಬ್ಬದ ದಿನವೂ ಹಾಗೇ ಇತ್ತು. ಗೋಡೆಗೆ ಮುಖಮಾಡಿದವನಿಗೆ ಅನ್ನ ಇಟ್ಟು ದೀಪ ಹಚ್ಚಿದೆ. ಎಂಥ ಹುಚ್ಚು ನೋಡು. ನೀನು ಚಿಕ್ಕವಳು, ಈ ಕಡೆಗೇ ನೋಡುತ್ತ ಕೂರಬೇಡ ಎಂದು ಬರೆದವಳು ನಾನೇ. ಬರೆಯುವಾಗ ಮನಸ್ಸಿನಲ್ಲಿ ಇದ್ದದ್ದೂ ಅದೇ, ನಿನಗೊಂದು ಹೊಸ ಬಾಳು ಆಗಲಿ ಎಂದೇ. ಆದರೆ ಅದಕ್ಕೊಂದು ಹೆಸರು, ವಯಸ್ಸು, ಬೋಳುತಲೆ ಎಲ್ಲ ಬಂದಾಗ ನನಗೆ ತಡೆಯಲಾಗಲಿಲ್ಲ. ಇನ್ನು ತೊಕುಜಿಯ ಬಗ್ಗೆ ಮಾತಾಡಲು ಈ ಭೂಮಿಯ ಮೇಲೆ ನಾನೊಬ್ಬಳೇ ಉಳಿದೆ ಅನಿಸಿತು.

ತೊಮೆ ಅಜ್ಜಿಗೆ ಹೇಳಿಕೊಂಡೆ. ಅವಳಿಗೆ ಕರುಣೆ ಎಂಬುದು ಗೊತ್ತಿದ್ದರೆ ತಾನೆ? "ಅವಳೇನು ನಿನ್ನ ಗೋಡೆ ಗಡಿಯಾರಾನಾ, ನೇತುಹಾಕಿದ ಕಡೆ ನೇತಾಡ್ಕೊಂಡಿರೋಕೆ?" ಅಂದಳು. ಅವಳ ಜತೆ ಮಾತು ಬಿಟ್ಟೆ.

ಆಮೇಲೆ ಈ ತಿಂಗಳ ಮೊದಲಲ್ಲಿ ಒಂದು ಜೋಡಿ ಬಂತು. ಮದುಮಕ್ಕಳೇ, ಆದರೆ ಇಬ್ಬರಿಗೂ ನಡುವಯಸ್ಸು. ಇಬ್ಬರಿಗೂ ಇದು ಎರಡನೆಯದು. ಆಕೆ ನೇಯುತ್ತಿದ್ದರು, ಗಂಡಸು ಪಕ್ಕದಲ್ಲಿ ಕೂತು ತುಂಡಾದ ಎಳೆ ಜೋಡಿಸಿಕೊಡುತ್ತಿದ್ದರು. ಅವರು ಸಿಗರೇಟು ಸೇದಲು ಹೊರಗೆ ಹೋದಾಗ ಆಕೆ ನನ್ನನ್ನು ಕೇಳಿದರು, "ಇಲ್ಲೊಂದು ಮಗ್ಗ ಮುಚ್ಚಿಟ್ಟಿದ್ದೀರಲ್ಲ, ಅದು ಯಾರದು?"

"ಸೊಸೇದು. ಮಗ ಹೋದ. ಅವಳು ಟೋಕಿಯೊದಲ್ಲಿದ್ದಾಳೆ," ಅಂದೆ.

"ನೋಡೋಕೆ ಬರ್ತಾಳಾ?"

"ನಾನೇ ಬೇಡ ಅಂದೆ."

ಆಕೆ ಲಾಳಿಯನ್ನು ಮಡಿಲಲ್ಲಿ ಇಟ್ಟುಕೊಂಡರು. "ನಾನು ಇವರನ್ನ ಮದುವೆ ಆಗ್ತೀನಿ ಅಂದಾಗ ನನ್ನ ಮೊದಲನೇ ಅತ್ತೆ ಬಾಗಿಲು ಹಾಕ್ಕೊಂಡ್ರು. ಜ್ವರ ಬಂದಾಗ ಮೂರು ತಿಂಗಳು ನನ್ನ ತಲೆ ಬಾಚಿದ ಹೆಂಗಸು ಅವ್ರು. ಗಂಡ ಹೋದಾಗ ಒಬ್ಬರನ್ನ ಕಳ್ಕೊಂಡೆ ಅಂದ್ಕೊಂಡಿದ್ದೆ. ಇಬ್ಬರನ್ನ ಕಳ್ಕೊಂಡೆ," ಅಂದರು. ಗಂಡ ಒಳಗೆ ಬಂದ ಕೂಡಲೇ ಕಣ್ಣು ಒರೆಸಿಕೊಂಡು ಮತ್ತೆ ನೇಯತೊಡಗಿದರು.

ಅವರು ಹೋದ ಮೇಲೆ ನಾನು ಫೋಟೊವನ್ನು ಈ ಕಡೆ ತಿರುಗಿಸಿದೆ. ನಿನ್ನ ಕಾಗದವನ್ನು ಗಟ್ಟಿಯಾಗಿ ಓದಿ ಹೇಳಿದೆ. ಅವನು ಹುಡುಗನಾಗಿದ್ದಾಗಿನಿಂದಲೂ ಯಾವುದಕ್ಕೂ ಬೇಡ ಎಂದವನಲ್ಲ.

ಹೌದು, ನಿನ್ನ ಮಗ್ಗದ ಬಟ್ಟೆ ಇಳಿಸಿಲ್ಲ. ನೀನು ಇಳಿಸಿ ಎಂದು ಬರೆದ ರೀತಿ ನೋಡಿದರೆ ಇಳಿಸಬಾರದು ಎಂದಿತ್ತು. ಬರುವವರನ್ನೆಲ್ಲ ನನ್ನ ಮಗ್ಗದ ಮೇಲೆ ಕೂರಿಸಿದೆ. ಅದು ಹೇಗೂ ಖಾಲಿ ಇತ್ತು.

ಇನ್ನೊಂದು ಕಷ್ಟವಿದೆ. ಬಂದರಿನ ದೊಡ್ಡ ಹೋಟೆಲಿನವರು ಬಂದು, ನಮ್ಮ ಹಜಾರಕ್ಕೆ ಬನ್ನಿ, ಅಲ್ಲೇ ಮಗ್ಗ ಹಾಕಿಕೊಡುತ್ತೇವೆ ಅನ್ನುತ್ತಾರೆ. ನೂಲು ಮಾತ್ರ ಕಾರ್ಖಾನೆಯದು, ಬಣ್ಣವೂ ಡಬ್ಬಿಯದು. "ಬರುವವರಿಗೆ ವ್ಯತ್ಯಾಸ ಎಲ್ಲಿ ಗೊತ್ತಾಗುತ್ತೆ?" ಅಂದ ಅವರ ಮ್ಯಾನೇಜರ್. ನಾನು ಉತ್ತರ ಕೊಟ್ಟಿಲ್ಲ. ಕೊಡುವ ಧೈರ್ಯವೂ ಇಲ್ಲ, ಏಕೆಂದರೆ ನನ್ನ ಹಳದಿ ನೂಲು ಈ ವರ್ಷಕ್ಕೇ ಮುಗಿಯುತ್ತದೆ. ಬಣ್ಣದ ಹುಲ್ಲು ಕೊಯ್ಯಿಸಿ ಒಣಗಿಸಿದ್ದೇನೆ. ಆದರೆ ನೂಲಿನ ಲಡಿಗಳನ್ನು ಅದರ ಕುದಿಸಿದ ರಸದಲ್ಲಿ ಅದ್ದಿ, ಹಿಂಡಿ, ಬಿಸಿಲಿಗೆ ಹಾಕಿ, ಮತ್ತೆ ಅದ್ದಿ, ಕೊನೆಗೆ ಬೂದಿ ನೀರಿನಲ್ಲಿ ಬಣ್ಣ ಏಳಿಸುವುದಕ್ಕೆ ಎರಡು ಗಟ್ಟಿ ಕೈ ಬೇಕು. ಬಾಯಿಂದ ಹೇಳಿ ಬಣ್ಣ ಹಾಕಿಸಲಾಗುವುದಿಲ್ಲ. ಆ ಬಣ್ಣ ಈ ಊರಿನಲ್ಲಿ ನನ್ನ ಹತ್ತಿರ ಕಲಿತವಳು ನೀನೊಬ್ಬಳೇ.

ಅಕ್ಟೋಬರಿನಲ್ಲಿ ಬಿಸಿಲು ಚೆನ್ನಾಗಿರುತ್ತದೆ. ಬಾ. ಆ ಟ್ರಾಮಿನವನನ್ನೂ ಕರೆದುಕೊಂಡು ಬಾ. ಒಪ್ಪುತ್ತೇನೆ ಎಂದು ಈಗಲೇ ಹೇಳುವುದಿಲ್ಲ. ನೋಡುತ್ತೇನೆ.

ಇಸೊ


ಕಾಶಿತಾತೆ
೬ ನವೆಂಬರ್ ೧೯೬೭

ಚಿಗುಸ,

ನೀವಿಬ್ಬರೂ ಬಂದು ಹೋದ ಮೇಲೆ ಮನೆ ದೊಡ್ಡದಾಗಿಬಿಟ್ಟಿದೆ. ಹಳದಿ ಲಡಿಗಳನ್ನು ಹಿಂದಿನ ಕೋಣೆಯಲ್ಲಿ ನೇತುಹಾಕಿದ್ದೇನೆ. ಕಿಟಕಿ ಮುಚ್ಚಿದ್ದರೂ ಒಳಗೆ ಬೆಳಕಿದ್ದ ಹಾಗೆ ಕಾಣುತ್ತದೆ. ನಿನ್ನ ಕೈ ಏನೂ ಮರೆತಿಲ್ಲ. ಎರಡನೆಯ ದಿನದ ಬೂದಿ ನೀರು ಸ್ವಲ್ಪ ಸಪ್ಪೆಯಾಯಿತು, ಅದು ನನ್ನ ತಪ್ಪು. ಹೋಟೆಲಿನ ಮ್ಯಾನೇಜರನ್ನು ಕರೆಸಿ ಆ ಲಡಿಗಳನ್ನು ತೋರಿಸಿದೆ. "ವ್ಯತ್ಯಾಸ ಗೊತ್ತಾಗುತ್ತಾ?" ಅಂದೆ. ಅವನು ಟೋಪಿ ತೆಗೆದು ತಲೆ ಕೆರೆದುಕೊಂಡ. "ಹಜಾರಕ್ಕೆ ಬರಲ್ಲ, ನಿಮ್ಮ ಅತಿಥಿಗಳನ್ನೇ ಇಲ್ಲಿಗೆ ಕಳಿಸಿ," ಅಂದೆ. ಕಳಿಸುತ್ತಾನಂತೆ.

ನಿನಗೆ ಗೊತ್ತಿಲ್ಲದ ಒಂದು ಸಂಗತಿ ಬರೆಯಬೇಕು. ನೀನು ಗದ್ದೆ ಬದುವಿನ ಮೇಲೆ ಲಡಿ ಒಣಹಾಕುತ್ತಿದ್ದ ದಿನ, ಒಳಗೆ ನಾನು, ಸೈಜಿ ಇಬ್ಬರೇ ಇದ್ದೆವಲ್ಲ, ಅಂದಿನದು.

ಅವನು ಹಡಗಿಳಿದಾಗಿನಿಂದ ಮುಖ ಬಿಳಿಚಿಕೊಂಡೇ ಇದ್ದ. ಜನರನ್ನು ತುಂಬಿಕೊಂಡು ಊರೆಲ್ಲ ಓಡಾಡಿಸುವವನು, ಒಂದು ರಾತ್ರಿಯ ಸಮುದ್ರ ತಾಳಲಿಲ್ಲ. ಅಶಿತಬ ಸೊಪ್ಪಿನ ಗಂಜಿ ಕೊಟ್ಟರೆ ಅದನ್ನೂ ನೋಡುತ್ತ ಕೂತಿದ್ದ. ನಾನು ಮಗ್ಗದ ಮೇಲೆ ಕೂರು ಅಂದೆ. ಕೂತ. ಅವನ ಕಾಲು ತುಳಿಗೆಗಳ ಮೇಲೆ ಸರಿಯಾಗಿ ಬಿತ್ತು, ಟ್ರಾಮಿನ ಅಭ್ಯಾಸವಿರಬೇಕು. ಕೈ ಮಾತ್ರ ಹೆಡ್ಡು. ಅವನ ಹೊಕ್ಕಿನ ಎಳೆ ಒಂದು ಕಡೆ ಬಿಗಿ, ಇನ್ನೊಂದು ಕಡೆ ಸಡಿಲ.

ನಾನು ಮುಚ್ಚುಮರೆ ಇಲ್ಲದೆ ಕೇಳಿದೆ. "ನನ್ನ ಮಗನ ವಿಷಯ ನಿನಗೇನು ಗೊತ್ತು?"

ಅವನು ಲಾಳಿ ಹಿಡಿದುಕೊಂಡೇ ಹೇಳಿದ, "ಕುಸಾಯ ಮೀನು ಅಂದ್ರೆ ಪ್ರಾಣ ಅಂತ. ಹಾಡೋಕೆ ಬರ್ತಿರ್ಲಿಲ್ಲ, ಆದ್ರೂ ಹಾಡ್ತಿದ್ರು ಅಂತ. ಚಪ್ಪಲಿನ ಯಾವತ್ತೂ ಜೋಡಿಸಿ ಇಡ್ತಿರ್ಲಿಲ್ಲ ಅಂತ."

"ಅವಳು ಹೇಳ್ತಾಳಾ ಇದನ್ನೆಲ್ಲ?"

"ಹೇಳ್ತಾರೆ. ಮೊದಮೊದಲು ಹೇಳ್ತಿರ್ಲಿಲ್ಲ. ನಾನೇ ಕೇಳ್ದೆ."

"ನಿಂಗೆ ಬೇಜಾರಾಗಲ್ವಾ?"

"ಆಗುತ್ತೆ ಅಮ್ಮ. ಕೆಲವು ದಿನ ಆಗುತ್ತೆ," ಅಂದ. ನನಗೆ ಅವನು ಇಷ್ಟವಾದದ್ದು ಆಗಲೇ. ಆಗುವುದಿಲ್ಲ ಎಂದಿದ್ದರೆ ಎದ್ದು ಹೋಗು ಅನ್ನುತ್ತಿದ್ದೆ. "ಆದ್ರೆ ಆ ಮಾತು ಆಡ್ಬೇಡ ಅಂದ್ರೆ ಅವ್ರು ನಮ್ಮನೆಗೆ ಅರ್ಧ ಮಾತ್ರ ಬಂದಹಾಗೆ. ಅರ್ಧ ಮನುಷ್ಯರ ಜತೆ ಹೇಗೆ ಸಂಸಾರ ಮಾಡೋದು?"

ಆಮೇಲೆ ಯಾಕೋ ಗೊತ್ತಿಲ್ಲ, ತೊಕುಜಿಗೆ ಹನ್ನೊಂದು ವರ್ಷವಾದರೂ ಗುಡುಗಿಗೆ ಹೆದರಿ ನನ್ನ ಮಗ್ಗದ ಕೆಳಗೆ ನುಗ್ಗಿ ಕೂರುತ್ತಿದ್ದದ್ದನ್ನು ಹೇಳಿದೆ. ಇದು ನಿನಗೂ ಗೊತ್ತಿಲ್ಲ, ಅಲ್ಲವೇ? ನಿನಗೆ ಹೇಳಬಾರದೆಂದು ಅವನು ನನ್ನಿಂದ ಆಣೆ ಮಾಡಿಸಿಕೊಂಡಿದ್ದ. ಸೈಜಿ ನಕ್ಕುಬಿಟ್ಟ. ನಾನೂ ನಕ್ಕೆ. ಮಗನ ಹೆಸರು ಹೇಳಿ ನಕ್ಕು ಎಷ್ಟು ಕಾಲವಾಗಿತ್ತು. ಜಗುಲಿಯ ಮೇಲಿದ್ದ ತೊಮೆ ಅಜ್ಜಿ, "ನಗೋದು ಆಮೇಲೆ, ಆ ಅಂಚು ನೋಡು, ಹಾವು ಹರಿದ ಹಾಗಿದೆ!" ಎಂದು ಕೂಗಿದಳು.

ನೀನು ನಿನ್ನ ಮಗ್ಗದ ಹೊದಿಕೆ ತೆಗೆದು, ಆ ಬಟ್ಟೆಯನ್ನು ಮುಗಿಸಿ ಇಳಿಸಿದೆಯಲ್ಲ, ಆಗ ಸೈಜಿ ಅಂಗಳಕ್ಕೆ ಹೋಗಿ ಸೌದೆ ಒಡೆಯುತ್ತಿದ್ದದ್ದನ್ನು ನೋಡಿದೆ. ಅಷ್ಟು ಸೌದೆ ನನಗೆ ಬೇಕಾಗಿರಲಿಲ್ಲ. ಒಳಗೆ ಬಾರದಿರಲು ಅವನಿಗೆ ಒಂದು ಕೆಲಸ ಬೇಕಿತ್ತು.

ಒಂದು ಮಾತ್ರ ಮನಸ್ಸಿನಲ್ಲಿ ಉಳಿದಿದೆ. ಅವನು ತೊಕುಜಿಯ ಸಮಾಧಿಗೆ ಬರಲಿಲ್ಲ. ನೀನೊಬ್ಬಳೇ ಹೋಗಿ ಬಂದೆ. ನಾನೂ ಕೇಳಲಿಲ್ಲ. ಕೇಳುತ್ತಿದ್ದೇನೆ ಎಂದೂ ತಿಳಿಯಬೇಡ.

ಈಗ ಮುಖ್ಯ ಮಾತು. ನಾನು ಊರಿನ ಕಚೇರಿಗೆ ಹೋಗಿದ್ದೆ. ಹೊಸ ಗುಮಾಸ್ತ, ಬಾಯಿ ತೆರೆದುಕೊಂಡು ಕೇಳಿದ.

"ಸೊಸೇನ ದತ್ತು ತಗೋತೀರಾ?"

"ಹೂಂ."

"ಆಮೇಲೆ ಅವರು ಬೇರೆ ಮದುವೆ ಆಗ್ತಾರಾ?"

"ಹೂಂ. ಆ ಗಂಡ ನಮ್ಮ ಮನೆ ಅಳಿಯ ಆಗ್ತಾನೆ."

"ಅಮ್ಮಾ, ಒಂದ್ಸಲ ನಿಧಾನವಾಗಿ ಹೇಳಿ."

ನಿಧಾನವಾಗಿ ಹೇಳಿದೆ. ಕಾನೂನಿನಲ್ಲಿ ಏನೂ ಅಡ್ಡಿಯಿಲ್ಲವಂತೆ. ಅಡ್ಡಿಯಿರುವುದು ಜನರ ಬಾಯಲ್ಲಿ ಮಾತ್ರ. ಅದು ಬಿಡು, ಹಮಾ ಆಗಲೇ ಊರಿಗೆಲ್ಲ ಹೇಳಿ ಮುಗಿಸಿದ್ದಾಳೆ.

ಡಿಸೆಂಬರಿನಲ್ಲಿ ಅವನ ಟ್ರಾಮ್ ಮಾರ್ಗ ಮುಚ್ಚುತ್ತದೆ, ಬಸ್ಸಿಗೆ ಹಾಕುತ್ತಾರೆ ಎಂದನಲ್ಲ. ಇಲ್ಲಿಯೂ ಬಸ್ಸಿದೆ. ಮದುಮಕ್ಕಳು ಹೆಚ್ಚಿ ಚಾಲಕರು ಸಾಲದೆ ಪರದಾಡುತ್ತಿದ್ದಾರೆ. ಭೂಮಿಯ ಮೇಲೆ ಓಡುವ ಬಸ್ಸು, ವಾಂತಿ ಬರುವುದಿಲ್ಲ ಎಂದು ಹೇಳು.

ಕೈ ಸೊಟ್ಟಗಿರುವ ಮುದುಕಿಯನ್ನು ನೋಡಿಕೊಳ್ಳಲು ಬಾ ಎಂದು ಕರೆಯುತ್ತಿಲ್ಲ. ಹಾಗೆ ತಿಳಿದರೆ ಬರಲೇಬೇಡ. ಮಗ್ಗ ಎರಡಿವೆ, ಬರುವವರು ಅಂಗಳದಲ್ಲಿ ಸಾಲುಗಟ್ಟಿ ನಿಲ್ಲುತ್ತಿದ್ದಾರೆ, ಬಣ್ಣ ಗೊತ್ತಿರುವವಳು ಟೋಕಿಯೊದಲ್ಲಿ ಕೂತು ಬೇರೆಯವರ ಕಿಮೋನೊ ಬಿಚ್ಚಿ ಹೊಲಿಯುತ್ತಿದ್ದಾಳೆ. ಅದಕ್ಕೆ ಕರೆಯುತ್ತಿದ್ದೇನೆ. ಬೇಡವೆನಿಸಿದರೆ ಬೇಡ ಎಂದೇ ಬರೆ. ಈ ಸಲ ಇಬ್ಬರೂ ಇದ್ದದ್ದನ್ನು ಇದ್ದ ಹಾಗೆ ಬರೆಯೋಣ.

ಇಸೊ


ಟೋಕಿಯೊ
೨೫ ನವೆಂಬರ್ ೧೯೬೭

ಅತ್ತೆ,

ನಿಮ್ಮ ಕಾಗದವನ್ನು ಟ್ರಾಮಿನ ಕೊನೆಯ ನಿಲ್ದಾಣದಲ್ಲಿ ನಿಂತು ಸೈಜಿಗೆ ಓದಿ ಹೇಳಿದೆ. ಗುಡುಗಿನ ಮಾತು ನನಗೆ ನಿಜವಾಗಿಯೂ ಗೊತ್ತಿರಲಿಲ್ಲ. ಆರು ವರ್ಷ ಜತೆಗಿದ್ದೆ! ಗುಡುಗಿದಾಗಲೆಲ್ಲ ದೋಣಿಯ ಹಗ್ಗ ನೋಡಿ ಬರುತ್ತೇನೆ ಎಂದು ಎದ್ದು ಹೋಗುತ್ತಿದ್ದ. ಎಲ್ಲಿ ಹೋಗಿ ಅಡಗುತ್ತಿದ್ದನೋ. ಬೀದಿಯಲ್ಲಿ ನಿಂತು ಅತ್ತು ನಕ್ಕು ಮಾಡಿದೆ, ಜನ ನೋಡುತ್ತಿದ್ದರು.

ಭಾನುವಾರ ಕವಾಗೊಯೆಗೆ ಹೋಗಿ ಅಣ್ಣನಿಗೆ ತಿಳಿಸಿದೆ. ಅಣ್ಣ ಊಟದ ಕಡ್ಡಿ ಕೆಳಗಿಟ್ಟ. "ಸತ್ತ ಗಂಡನ ತಾಯಿ ಮನೆಗೆ ಎರಡನೇ ಗಂಡನ್ನ ಕರ್ಕೊಂಡು ಹೋಗಿ ಸಂಸಾರ ಮಾಡ್ತೀಯಾ? ಇಂಥದ್ದು ಎಲ್ಲಾದ್ರೂ ಕೇಳಿದ್ದೀಯಾ?" ಅಂದ.

"ಇಲ್ಲ," ಅಂದೆ.

"ಆ ಹೆಂಗಸಿಗೆ ತಲೆ ಸರಿ ಇದೆಯಾ?"

ನಾನು ಉತ್ತರ ಹೇಳುವ ಮೊದಲೇ ಅತ್ತಿಗೆ ಒಳಗಿನಿಂದ, "ನನಗೆ ಅಂಥ ಅತ್ತೆ ಸಿಕ್ಕಿದ್ರೆ ನಾನು ಈಜಿಕೊಂಡೇ ಹೋಗ್ತಿದ್ದೆ," ಎಂದರು. ಅಣ್ಣ ಮತ್ತೆ ಕಡ್ಡಿ ಎತ್ತಿಕೊಂಡ. ಹೊರಡುವಾಗ ಬಾಗಿಲವರೆಗೆ ಬಂದು, "ಅವರನ್ನ ನಾನು ಏನಂತ ಕರೀಬೇಕು?" ಎಂದು ಕೇಳಿದ. ಒಪ್ಪಿದ ಎಂದು ತಿಳಿದುಕೊಂಡೆ.

ಸಮಾಧಿಯ ವಿಷಯ. ನೀವು ಕೇಳಲಿಲ್ಲ ಎಂದು ಬರೆದಿದ್ದೀರಿ, ನಾನು ಹೇಳುತ್ತೇನೆ. ಅವತ್ತು ಸೈಜಿ ನನ್ನ ಜತೆ ಗುಡ್ಡದ ಕೆಳಗಿನವರೆಗೂ ಬಂದಿದ್ದರು. ಅಲ್ಲಿ ನಿಂತುಬಿಟ್ಟರು. "ನೀನು ಹೋಗಿ ಬಾ. ನಾನು ಈಗ ಏನಂತ ಹೇಳ್ಕೊಂಡು ಅವ್ರ ಮುಂದೆ ನಿಲ್ಲಲಿ? ನಿನ್ನ ಅತ್ತೆ ಇನ್ನೂ ಹೂಂ ಅಂದಿಲ್ಲ," ಅಂದರು. ಈಗ ನಿಮ್ಮ ಕಾಗದ ಕೇಳಿದ ಮೇಲೆ ಅವರು ಮೊದಲು ಆಡಿದ ಮಾತು ಬಸ್ಸಿನದಲ್ಲ, ದತ್ತಿನದಲ್ಲ. "ಹಡಗು ಇಳಿದ ಕೂಡ್ಲೆ ಮೊದ್ಲು ಅಲ್ಲಿಗೆ ಹೋಗೋಣ. ಅವ್ರಿಗೆ ಹೇಳ್ದೆ ಅವ್ರ ಮನೆ ಒಳಗೆ ಕಾಲಿಡೋದು ಹೇಗೆ?" ಎಂದರು. ಆಮೇಲೆ ಬಸ್ಸಿನ ಬ್ರೇಕು ಹೇಗಿದೆ ಎಂದು ಕೇಳಿದರು.

ಫೆಬ್ರವರಿಗೆ ಹೊಲಿಗೆ ಕೋಣೆಯ ಕೆಲಸ ಬಿಡುತ್ತೇನೆ. ಮಾರ್ಚ್ ಕೊನೆಗೆ ಸಮುದ್ರ ಸ್ವಲ್ಪ ಸುಮ್ಮನಾದ ಮೇಲೆ ಬರುತ್ತೇವೆ. ಅಲ್ಲಿಯವರೆಗೆ ಬರುವವರ ಮುಂದೆ ಮಣಿಕಟ್ಟು ಮುಚ್ಚಿಕೊಳ್ಳಬೇಡಿ, ಬಿಸಿನೀರಿನಲ್ಲಿ ದಿನಾ ಅದ್ದಿ. ತೊಮೆ ಅಜ್ಜಿಯ ಜತೆ ಮಾತು ಶುರುಮಾಡಿ, ನನ್ನ ಪರವಾಗಿ ವಾದ ಮಾಡಿದವರು ಅವರೊಬ್ಬರೇ.

ಕಚೇರಿಯ ಪುಸ್ತಕದಲ್ಲಿ ಮಗಳು ಎಂದು ಬರೆಸಿ. ನನ್ನ ಮುದ್ರೆಯೊತ್ತಿದ ಕಾಗದ ಇದರ ಜತೆಗಿದೆ. ಆದರೆ ಬಾಯಲ್ಲಿ ನಾನು ಅತ್ತೆ ಎಂದೇ ಕರೆಯುತ್ತೇನೆ. ತೊಕುಜಿ ನನಗೆ ಕೊಟ್ಟ ಹೆಸರು ಅದು, ಬಿಡಲು ಮನಸ್ಸಿಲ್ಲ. ಸೈಜಿ ನಿಮ್ಮನ್ನು ಅಮ್ಮ ಎನ್ನುತ್ತಾರಂತೆ. ಅವರ ಅಮ್ಮ ಹೋಗಿ ಬಹಳ ವರ್ಷವಾಯಿತು, ಆ ಮಾತು ಆಡದೆ ನಾಲಿಗೆ ಒಣಗಿದೆಯಂತೆ.

ಮಾರ್ಚ್ ಗಾಳಿಗೆ ಬಂದರಿನವರೆಗೆ ಬಂದು ನಿಲ್ಲಬೇಡಿ. ಹೇಗೂ ನಾವು ಮೊದಲು ಗುಡ್ಡ ಹತ್ತಿಯೇ ಮನೆಗೆ ಬರುವುದು. ಬೇಕಾದರೆ ಅಲ್ಲಿ ಕಾದಿರಿ, ಮೂವರೂ ಸೇರಿ ಇಳಿದು ಬರೋಣ.

ಚಿಗುಸ